ಗೂಡಿನ ಒಂಟೆ

ಶಿಡ್ಲಘಟ್ಟದ ಗೂಡಿನ ಮಾರ್ಕೆಟ್ಟಿನ ಹಿಂದೆ
ದಸ್ತಗೀರ್ ಸಾಬರ ನೂಲಿನ ಶೆಡ್ಡಿನಲ್ಲಿ ಇದ್ದದ್ದು
ಮೂವತ್ತೊಂದೇ ಕಾಯಿ.
ಕಳೆದುಹೋದ ಬಿಳಿ ಒಂಟೆಯ ಜಾಗಕ್ಕೆ
ಒಂದು ರೇಷ್ಮೆಗೂಡು.

ಕುದಿನೀರಲ್ಲಿ ಎಳೆ ಹುಡುಕಿ ಹುಡುಕಿ
ಸಾಬರ ಬೆರಳಿಗೆ ಸ್ಪರ್ಶವೇ ಉಳಿದಿರಲಿಲ್ಲ.
ಆದರೂ ಅವರದೇ ಕಟ್ಟಪ್ಪಣೆ:
"ಮುಟ್ಟಿದ ಕಾಯಿ ನಡೆಸಲೇಬೇಕು."
ನಾನು ಮುಟ್ಟಿ ಮುಟ್ಟಿ ಸೋತವನು.
ನಾಗವೇಣಿ, ತೂಕದ ಮುನಿಶಾಮಪ್ಪನ ಮಗಳು,
ಕೈ ತೊಡೆಯಡಿ ಇಟ್ಟುಕೊಂಡು ಆಡುತ್ತಿದ್ದಳು.

ಒಂದು ಸಂಜೆ, ಆಟದ ನಡುವೆ,
ಅವಳ ಒಂಟೆ ಒದ್ದೆಯಾಯಿತು.
ತುದಿಯಲ್ಲಿ ತೂತು. ಮುದುಡಿದ ರೆಕ್ಕೆಯ ಚಿಟ್ಟೆ
ಓರೆಯಾಗಿ ತೆವಳಿ ತೆವಳಿ
ನನ್ನ ಆನೆಯ ಪಕ್ಕದ ಮನೆಯಲ್ಲಿ ಕೂತಿತು.
ನಾನು ನಕ್ಕೆ. ಅವಳು ನಗಲಿಲ್ಲ.
ಸಾಬರು ಕನ್ನಡಕ ಏರಿಸಿ, ಬಗ್ಗಿ ನೋಡಿ,
"ಅದು ನಡೀತು. ಈಗ ನಿನ್ ಪಾಳಿ" ಅಂದರು.

ಆಮೇಲಿನದು ಪೇಪರಿನಲ್ಲಿ ಬಂದಿದೆ:
ರಾತ್ರಿ ರೈಲು, ಕಡ ತಂದ ಸ್ವೆಟರು, ಮೂರು ನಾರ್ಮು,
ಹಿಮ ಬೀಳುವ ಯಾವುದೋ ಊರಲ್ಲಿ
ಗ್ರ್ಯಾಂಡ್‌ಮಾಸ್ಟರ್ ಪಟ್ಟ.
ಬಾರದೇ ಹೋದದ್ದು ನಡುವಿನ ಎರಡು ವರ್ಷ:
ಸಾಲಾಗಿ ಸೋತು, ಬೋರ್ಡು ಅಟ್ಟಕ್ಕೆ ಹಾಕಿ
ಅಪ್ಪನ ತಕ್ಕಡಿಯ ಹಿಂದೆ ಕೂತು ಅವಳು ಚೀಟಿ ಬರೆದದ್ದು.

ಪಟ್ಟ ತಂದ ಆಟವನ್ನು ಮನೆಯಲ್ಲಿ ಜೋಡಿಸಿ ನೋಡಿದೆ.
ಮೂವತ್ನಾಲ್ಕನೆಯ ನಡೆ. ಬಿಳಿ ಒಂಟೆ
ಯಾರೂ ಕರೆಯದೆ ಹೋಗಿ
ಎದುರಾಳಿಯ ಆನೆಯ ಪಕ್ಕ ಸಾಯಲು ಕೂತಿದೆ.
ಅರ್ಥವಾಗದ ಬಲಿ ಅಂತ ಬರೆದಿದ್ದಾರೆ ಬಲ್ಲವರು.

ಸಾಬರಿಗೆ ಓದಿ ಹೇಳಿದೆ.
ಬಿಸಿನೀರಿನಿಂದ ಕೈ ತೆಗೆಯದೆ ಕೇಳಿದರು:
"ರೆಕ್ಕೆ ಒಣಗಿತ್ತಾ?"