ಹುಸಿ ತೋಟಾ

ಪೆರ್ಮ್ ಊರಾಚೆಯ ಪಾಳು ಇಟ್ಟಿಗೆ ಕಾರ್ಖಾನೆ. ಮಾರ್ಚಿ ತಿಂಗಳು.
ಕಾಮಾ ನದಿ ಇನ್ನೂ ಮಂಜುಗಡ್ಡೆ.
ನನ್ನ ಕೆಲಸ ಇಷ್ಟೆ:
ಬೆಳಿಗ್ಗೆ ಆರಕ್ಕೆ ಕಬ್ಬಿಣದ ಪೆಟ್ಟಿಗೆ ತೆರೆದು
ಪಿಸ್ತೂಲು ಎಣಿಸುವುದು, ಹುಸಿ ತೋಟಾ ಎಣಿಸುವುದು,
ಮುಟ್ಟಿದವರಿಂದ ಸಹಿ ಹಾಕಿಸುವುದು,
ರಾತ್ರಿ ಮತ್ತೆ ಎಣಿಸಿ ಬೀಗ.
ಇಪ್ಪತ್ತಾರು ವರ್ಷ. ಲೆಕ್ಕ ತಪ್ಪಿಲ್ಲ.

ಈ ಚಿತ್ರದಲ್ಲೂ ಅದೇ.
ತಂಗಿಯನ್ನು ಕಳೆದುಕೊಂಡ ವೆಲ್ಡರ್ ಒಬ್ಬ
ಕೋರ್ಟಿನ ಮೆಟ್ಟಿಲು ಹತ್ತಿ ಇಳಿದು, ಹತ್ತಿ ಇಳಿದು
ಒಂದು ದಿನ ಹತ್ತುವುದನ್ನು ಬಿಡುತ್ತಾನೆ.
ಆಮೇಲೆ ಒಬ್ಬೊಬ್ಬರನ್ನೇ.
ಜನಕ್ಕೆ ಇದು ಬೇಕು ಅನ್ನುತ್ತಾನೆ ನಿರ್ಮಾಪಕ,
ಸೂಪಿಗೆ ಉಪ್ಪು ಬೇಕಾದ ಹಾಗೆ.

ಇವತ್ತು ಲಂಚಕೋರ ತನಿಖಾಧಿಕಾರಿಯ ಸರದಿ.
ಮಕ್ಕಳ ನಾಟಕದಲ್ಲಿ ಮೊಲವಾಗಿ ಕುಣಿಯುವ
ಇನ್ನೋಕೆಂತಿ ಎಫಿಮೊವಿಚ್
ಹನ್ನೊಂದು ಸಲ ಸತ್ತಿದ್ದಾನೆ ಬೆಳಗಿನಿಂದ,
ಹನ್ನೊಂದು ಸಲ ಎದ್ದು ಮೊಣಕಾಲು ಉಜ್ಜಿಕೊಂಡು
ಚಹಾ ಇದೆಯಾ ಅಂತ ಕೇಳಿದ್ದಾನೆ.
ಅಂಗಿಗಳು ಮುಗಿಯುತ್ತ ಬಂದವು.
ವಸ್ತ್ರದ ಹುಡುಗಿ ಹಿಂದಿನ ಕೋಣೆಯಲ್ಲಿ
ಸಕ್ಕರೆಪಾಕದ ನೆತ್ತರು ತೊಳೆಯುತ್ತಿದ್ದಾಳೆ. ನೊಣವೂ ಇಲ್ಲದ ಚಳಿ.

ಮಡಚುವ ಕುರ್ಚಿಯಲ್ಲಿ ಸಲಹೆಗಾರ,
ನಿವೃತ್ತ ಮೇಜರ್ ಝಿಖಾರೆವ್, ಕಾಲ ಬಳಿ ಫ್ಲಾಸ್ಕು.
"ಮೇಜಿನ ಮೇಲೆ ಇಷ್ಟು ಕಾಗದ ಇಡಬೇಡಿ.
ಬೇಡವಾದ ಫೈಲನ್ನು ನಾವು
ಬೀರುವಿನ ಹಿಂದಕ್ಕೆ ಜಾರಿಸುತ್ತಿದ್ದೆವು."
ಎಲ್ಲರೂ ನಕ್ಕರು. ಒಳ್ಳೆಯ ಮನುಷ್ಯ ಅಂದರು.
ನಾನೂ ನಕ್ಕೆನೇನೋ.

ಪಿಸ್ತೂಲು ಹಿಡಿಯುವುದು ಹೀಗಲ್ಲ ಕಣಯ್ಯಾ,
ಕೊಡಮ್ಮ ಇಲ್ಲಿ, ತೋರಿಸುತ್ತೇನೆ ಎಂದ.
ಸಹಿ ಹಾಕಿ ಎಂದೆ. ಹಾಕಿದ.

ನಮ್ಮ ಲಿಪಿಯ ಝಕಾರಕ್ಕೆ ಆರು ಕಾಲು, ಜೀರುಂಡೆಯ ಹಾಗೆ.
ಅವನ ಜೀರುಂಡೆಗೆ ಒಂದು ಕಾಲು ಮಾತ್ರ ಉದ್ದ,
ಪುಟದ ಅಂಚಿನವರೆಗೂ ಎಳೆದುಕೊಂಡು ಹೋಗುವ ಕಾಲು.
ಅದನ್ನು ನಾನು ಬಲ್ಲೆ.
ಅಮ್ಮನ ಬಿಸ್ಕತ್ತಿನ ಡಬ್ಬಿಯಲ್ಲಿ, ಗುಂಡಿಗಳ ಅಡಿಯಲ್ಲಿ,
ತೊಂಬತ್ತಾರನೆಯ ಇಸವಿಯ ಒಂದು ಕಾಗದ:
ಅಪರಾಧದ ಕುರುಹು ಕಂಡುಬಂದಿಲ್ಲ. ಪ್ರಕರಣ ಮುಕ್ತಾಯ.
ಕೆಳಗೆ ಅದೇ ಕುಂಟು ಜೀರುಂಡೆ.

ಗ್ಲೆಬ್, ನನ್ನ ತಮ್ಮ. ಸ್ಟೇಷನ್ನಿನೆದುರು
ಬ್ಯಾಟರಿ, ಚ್ಯೂಯಿಂಗ್ ಗಮ್ ಮಾರುವ ಗೂಡಂಗಡಿ.
ತಿಂಗಳ ಮಾಮೂಲು ಕೊಡುವುದಿಲ್ಲ ಅಂದಿದ್ದ, ಅಷ್ಟೆ.
ಸೇತುವೆಯ ಕೆಳಗೆ, ಒಂದೇ ಬೂಟು.

ಮೇಜರನ ಕೈಗೆ ಪಿಸ್ತೂಲು ಕೊಟ್ಟೆ.
ಹನ್ನೆರಡನೆಯ ಟೇಕಿಗೆಂದು ತುಂಬಿಟ್ಟದ್ದು.
ಬರಿದು ಮಾಡಿ ಕೊಡಬೇಕಿತ್ತು.
ಸಹಿ ನೋಡುತ್ತಾ ಮರೆತೆ.
ಮರೆತೆನೋ? ಈಗಲೂ ಹೇಳಲಾರೆ.

ಅವನು ಗೋಡೆಗೆ ಗುರಿಯಿಟ್ಟ. ನಾಯಕನ ಮೊಣಕೈ ತಿದ್ದಿದ.
ಆಮೇಲೆ ತಮಾಷೆಗೆ, ಕೆಲಸ ಕಳೆದುಕೊಂಡ ಗೆಳೆಯನೊಬ್ಬ
ಹೀಗೆ ಮಾಡಿಕೊಂಡ ನೋಡಿ ಅನ್ನುತ್ತಾ
ನಳಿಕೆಯನ್ನು ತನ್ನ ಕಪೋಲಕ್ಕೆ ಒತ್ತಿಕೊಂಡ.

ಹುಸಿ ತೋಟಾ ದೂರಕ್ಕೆ ಹುಸಿ.
ಚರ್ಮಕ್ಕೆ ಒತ್ತಿದರೆ ಅದರ ಉಸಿರೇ ಸಾಕು, ಮೂಳೆ ಒಡೆಯುತ್ತದೆ.
ಆ ಕಾರ್ಖಾನೆಯಲ್ಲಿ ಇದನ್ನು ಬಲ್ಲವಳು ನಾನೊಬ್ಬಳೇ.
ಅವನು ಬಲ್ಲವನಾಗಿದ್ದರೆ ನಗುತ್ತಿರಲಿಲ್ಲ.

ಅವನ ಬೆರಳು ಕುದುರೆಯ ಮೇಲೆ.
ಎಷ್ಟು ಹೊತ್ತು? ಒಂದು ಗುಟುಕು ಉಗುಳು ನುಂಗುವಷ್ಟು.
ಅಷ್ಟರಲ್ಲಿ ಗ್ಲೆಬ್ ಗೂಡಂಗಡಿ ತೆರೆದು, ಮುಚ್ಚಿ,
ಎರಡೂ ಬೂಟು ತೊಟ್ಟು ಮನೆಗೆ ಬಂದ.

"ಇಳಿಸಿ!"
ಯಾರು ಕೂಗಿದ್ದು ಅಂತ ತಿರುಗಿ ನೋಡಿದೆ.
ನಾನೇ.

ವಿಷಯ ತಿಳಿದು ಬಿಳಿಚಿಕೊಂಡ. ಜೀವ ಉಳಿಸಿದೆ ತಾಯಿ ಎಂದು
ಫ್ಲಾಸ್ಕಿನ ಮುಚ್ಚಳದಲ್ಲಿ ಚಹಾ ಬಗ್ಗಿಸಿ ಕೊಟ್ಟ.
ಕುಡಿದೆ. ನಿಂಬೆ ಹಾಕಿದ್ದ.
ಬಿಸಿಯಾಗಿತ್ತು, ಸುಳ್ಳೇಕೆ ಹೇಳಲಿ.

ಶರತ್ಕಾಲದಲ್ಲಿ ಚಿತ್ರ ಬಂತು.
ತನಿಖಾಧಿಕಾರಿ ಮೇಜಿನ ಮೇಲೆ ಕುಸಿದಾಗ
ಪಕ್ಕದ ಮುದುಕಿ ಶಿಲುಬೆಯ ಗುರುತು ಹಾಕಿಕೊಂಡು
"ಸರಿಯಾಯ್ತು, ಅವನಿಗೆ ಸರಿಯಾಯ್ತು" ಎಂದಳು.
ಹಿಂದಿನ ಸಾಲಿನ ಹುಡುಗರು ಸಿಳ್ಳೆ ಹೊಡೆದರು.
ನಾನು ಎಣಿಸುತ್ತಿದ್ದೆ, ಅಭ್ಯಾಸಬಲ.

ಮಕಾರೊವ್ ಪಿಸ್ತೂಲು ಹಿಡಿಯುವುದು ಎಂಟು.
ನಳಿಕೆಯಲ್ಲಿ ಮೊದಲೇ ಒಂದು ಸೇರಿಸಿದರೂ ಒಂಬತ್ತು.
ಪರದೆಯ ಮೇಲೆ ಹತ್ತು ಸಲ ಹಾರಿತು.
ಯಾರೂ ಗಮನಿಸಲಿಲ್ಲ.
ಮನೆಗೆ ಬಂದು ಹಳೆಯ ರಿಜಿಸ್ಟರು ತೆಗೆದು ನೋಡಿದೆ,
ಹತ್ತನೆಯದಕ್ಕೆ
ಯಾರ ಸಹಿಯೂ ಇಲ್ಲ.