ಸಾವಿರ ಮೀಟರಿನವಳು

ಎಲ್ಲರ ಎದೆಯ ಮೇಲೂ ಅವರವರ ಹೆಸರು.
ನನ್ನದರ ಮೇಲೆ ‘ಪೇಸ್’ ಅಂತ, ಅಷ್ಟೇ.
ನಾಲ್ಕು ಪಿನ್ನು ಚುಚ್ಚಿಕೊಳ್ಳುವಾಗ
ಪಕ್ಕದಲ್ಲಿ ಕೂತಿದ್ದ ಇಥಿಯೋಪಿಯಾದ ಹುಡುಗಿ,
ಹಿವೊತ್ ಎಂದು ಬರೆದಿತ್ತು ಅವಳದರ ಮೇಲೆ,
ಕೈಸನ್ನೆಯಲ್ಲೇ ಕೇಳಿದಳು: ಇದು ನಿನ್ನ ಹೆಸರಾ?
ಹೌದೆಂದೆ. ಉದ್ದ ಹೇಳುವ ಹೊತ್ತಲ್ಲ ಅದು.

ತಾಂಪೆರೆಯಲ್ಲಿ ಜೂನ್ ತಿಂಗಳ ರಾತ್ರಿ ಎಂಟೂವರೆ.
ಬಿಸಿಲು ಇನ್ನೂ ಗ್ಯಾಲರಿಯ ಮೆಟ್ಟಿಲ ಮೇಲೆ ಕಾಲು ಚಾಚಿ ಕೂತಿದೆ,
ಮನೆಗೆ ಹೋಗುವ ಅಂದಾಜೇ ಇಲ್ಲ ಅದಕ್ಕೆ.
ಕರಿ ಸಾಸೇಜಿನ ಹೊಗೆ, ಸರೋವರದ ಕಡೆಯ ಗಾಳಿ.

ಬೆಳಿಗ್ಗೆ ಐದರಿಂದ ಮಧ್ಯಾಹ್ನ ಒಂದರವರೆಗೆ
ನಾನು ಮೂರನೇ ನಂಬರಿನ ಟ್ರಾಮ್ ಓಡಿಸುತ್ತೇನೆ,
ಹೆರ್ವಾಂತಾದಿಂದ ಪೇಟೆಗೆ, ಪೇಟೆಯಿಂದ ಹೆರ್ವಾಂತಾಗೆ.
ಅರ್ಧ ನಿಮಿಷ ತಡವಾದರೆ ಗೊಣಗುತ್ತಾರೆ,
ಅರ್ಧ ನಿಮಿಷ ಮೊದಲೇ ಹೊರಟರೆ ಶಾಪ ಹಾಕುತ್ತಾರೆ.
ಸರಿಯಾದ ಹೊತ್ತಿಗೆ ಬಂದ ಟ್ರಾಮನ್ನು
ಯಾರೂ ನೋಡುವುದಿಲ್ಲ.

ಸಂಜೆಯ ಕೆಲಸವೂ ಅದೇ.
ಅರವತ್ನಾಲ್ಕು ಸೆಕೆಂಡಿಗೆ ಒಂದು ಸುತ್ತು,
ಸಾವಿರ ಮೀಟರಿಗೆ ಎರಡು ನಿಮಿಷ ನಲವತ್ತು,
ಆಮೇಲೆ ಇಳಿದುಬಿಡು.
ಕ್ಯೋಸ್ತಿ ಲಕೋಟೆ ತೋರಿಸಿ ನಕ್ಕ:
‘ಅರವತ್ತೆರಡಾದರೆ ಹಿಂದೆ ಯಾರೂ ಬರಲ್ಲ,
ಅರವತ್ತಾರಾದರೆ ನಿನಗೆ ದುಡ್ಡು ಬರಲ್ಲ.’

ಪಿಸ್ತೂಲು.
ಹನ್ನೆರಡು ಜೋಡಿ ಮೊಳೆಬೂಟು ರಬ್ಬರು ಕಚ್ಚಿದ ಸದ್ದು
ಒಣಹುಲ್ಲಿಗೆ ಬೆಂಕಿ ಬಿದ್ದಂತೆ.
ಮೊಣಕೈ, ಭುಜ, ಯಾರದೋ ಜಡೆ ಕೆನ್ನೆಗೆ.
ನುಸುಳಿ ಮುಂದೆ ಬಂದೆ.
ಮುಂದೆ ಅಂದರೆ ಏನೂ ಇಲ್ಲ. ಬರೀ ಗಾಳಿ,
ಒದ್ದೆ ಕಂಬಳಿಯ ಹಾಗೆ ಮುಖಕ್ಕೆ.
ನಾನದನ್ನು ಹರಿಯುತ್ತ ಹೋದೆ,
ಹರಿದ ಕಿಂಡಿಯಲ್ಲಿ ಅವರು ತೂರಿ ಬಂದರು.

ತಿರುಗಿ ನೋಡುವ ಹಾಗಿಲ್ಲ. ನೋಡಬೇಕಾಗಿಯೂ ಇಲ್ಲ.
ಟ್ರಾಮಿನಲ್ಲೂ ಹಾಗೇ, ಬೆನ್ನಿಗೇ ಗೊತ್ತಾಗುತ್ತದೆ
ಎಷ್ಟು ಜನ ಹತ್ತಿದರು, ಯಾರು ಕಂಬ ಹಿಡಿದು ನಿಂತರು.
ಒಂದು ಉಸಿರು ಹಗುರ, ಮೂಗಿನಲ್ಲೇ: ಹಿವೊತ್.
ಒಂದು ಗರಗಸ: ಮಾರ್ಕೆತಾ,
ಹೋದ ವರ್ಷ ಹಿಮ್ಮಡಿ ಕೊಯ್ಯಿಸಿಕೊಂಡವಳು.
ಇನ್ನೊಂದು, ಏಳುನೂರರ ಹೊತ್ತಿಗೆ,
ಸದ್ದಿಲ್ಲದೆ ಇಳಿದುಹೋಯಿತು ಯಾವುದೋ ನಿಲ್ದಾಣದಲ್ಲಿ.

ದೊಡ್ಡ ಊರುಗಳಲ್ಲಿ ಈಗ ಟ್ರ್ಯಾಕಿನ ಅಂಚಿಗೆ ದೀಪಗಳೇ ಓಡುತ್ತವೆ.
ದೀಪಕ್ಕೆ ಲಕೋಟೆ ಬೇಡ, ಮಂಡಿ ನೋಯುವುದಿಲ್ಲ.
ಆದರೆ ದೀಪ ಗಾಳಿಯನ್ನು ತಡೆಯುವುದಿಲ್ಲ, ನೋಡಿ.

ಎಂಟುನೂರು. ಒಂಬೈನೂರು.
ಕಾಲು ಹೇಳಿತು: ಇವತ್ತು ಇದೆ.
ನಿಜವಾಗಿ ಇತ್ತು. ಇನ್ನೂ ಐನೂರು ಮೀಟರು,
ಡಬ್ಬಿಯ ತಳದ ಸಕ್ಕರೆಯ ಹಾಗೆ,
ಅಲ್ಲಾಡಿಸಿದರೆ ಸದ್ದು ಬರುವಷ್ಟು.
ಸಾವಿರದ ಗೆರೆ ಬಂತು.
ನಾನು ಟೈಂಟೇಬಲಿನವಳು.
ಬಲಕ್ಕೆ ಸರಿದೆ.

ಹಾದುಹೋಯಿತು ಇಡೀ ಗುಂಪು,
ನನ್ನದೇ ಟ್ರಾಮು, ನನ್ನನ್ನು ಇಳಿಸಿ.
ಅರ್ಧ ಕ್ಷಣ ಕಂಡವು ಮುಖಗಳು,
ಒಂದೂ ನನ್ನ ಕಡೆ ಇರಲಿಲ್ಲ. ಇರಬಾರದು ಕೂಡ.
ಸೊಂಟಕ್ಕೆ ಕೈಕೊಟ್ಟು ನಿಂತೆ.
ತಿರುವಿನಾಚೆ ಗಂಟೆ ಹೊಡೆಯಿತು,
ಕೊನೆಯ ಸುತ್ತಿನ ಕಂಚಿನ ಗಂಟೆ.
ಹನ್ನೊಂದು ವರ್ಷ, ನಲವತ್ತೋ ಐವತ್ತೋ ಓಟ.
ಯಾವತ್ತೂ ಅದನ್ನು ನಿಂತೇ ಕೇಳಿದ್ದೇನೆ.

ಗೆದ್ದದ್ದು ಗರಗಸ. ನನ್ನ ಬೆನ್ನಿನ ಲೆಕ್ಕ ತಪ್ಪಿತ್ತು.
ನಾಲ್ಕನೆಯವಳಾದ ಹಿವೊತ್ ಬಂದು
ನನ್ನ ಎದೆಯ ಚೀಟಿ ತಟ್ಟಿ, ತಲೆಯಾಡಿಸಿ ನಕ್ಕಳು:
ಯಾರೋ ಅರ್ಥ ಹೇಳಿರಬೇಕು.
‘ಇಂಕೆರಿ’ ಎಂದೆ.
‘ಇಂಗೇರಿ’ ಎಂದು ಹೊರಟಳು, ಬೂಟು ಕೈಯಲ್ಲಿ ಹಿಡಿದು.

ಮಾರನೆಯ ಬೆಳಿಗ್ಗೆ ಐದೂ ಇಪ್ಪತ್ತು.
ಹಳಿಯ ಮೇಲೆ ಹೆಬ್ಬಾತಿನ ಸಂಸಾರ, ಮರಿಗಳ ಸಮೇತ.
ಗಂಟೆ ಒತ್ತಿದೆ. ಕತ್ತೆತ್ತಿ ನೋಡಿ ಸುಮ್ಮನಾದವು.
ಮತ್ತೆ ಒತ್ತಿದೆ,
ಬೇಕಾದ್ದಕ್ಕಿಂತ ತುಸು ಹೆಚ್ಚೇ ಹೊತ್ತು.
ಹಿಂದಿನ ಸೀಟಿನ ಮುದುಕ ಪೇಪರಿನಿಂದ ತಲೆಯೆತ್ತಿದ.
ಮುಂದಿನ ನಿಲ್ದಾಣಕ್ಕೆ
ಹನ್ನೆರಡು ಸೆಕೆಂಡು ತಡ.