ಸ್ಥಳೀಯ ಮೂಲದಿಂದ ಸಂಗ್ರಹ

ಪ್ರಬಂಧದ ಕೊನೆಯ ಪುಟದಲ್ಲಿ, ಅಕ್ಷರ ಕಿರಿದಾಗುವಲ್ಲಿ,
‘ಮಾದರಿಗಳು: ಕಾಳಿ ಅಳಿವೆ, ಸ್ಥಳೀಯ ಮೂಲದಿಂದ ಸಂಗ್ರಹ’
ಎಂದಿದೆ. ಆ ಸ್ಥಳೀಯ ಮೂಲಕ್ಕೆ
ಮಂಡಿನೋವಿತ್ತು. ಹೆಸರು ಶೇವಂತಿ ದುರ್ಗೇಕರ.
ಇಳಿತದ ಹೊತ್ತಿಗೆ ಸುಂಕೇರಿಯ ಕೆಸರಿಗಿಳಿದು
ಕಾಲಬೆರಳಲ್ಲೇ ಬಳಚು ಹುಡುಕುವವಳು.

ನಾನು ಕೋಡಿಬಾಗದ ಲ್ಯಾಬಿನ ಅಟೆಂಡರ್.
ಗಾಜು ತೊಳೆಯುವುದು, ಬೀಗ ಹಾಕುವುದು,
ವಾರಕ್ಕೆರಡು ಸಲ ಅವಳ ಬುಟ್ಟಿಯಿಂದ
ನೂರು ಬಳಚು ಎಣಿಸಿ ತರುವುದು.
“ಎರಡು ಜಾತಿ ಬೆರೆಸಬೇಡ” ಅಂದಳು ಒಂದು ದಿನ.
ನನಗೆ ಎಲ್ಲ ಒಂದೇ: ಅದೇ ಗೆರೆ, ಅದೇ ಮಾಸಲು ಕಂದು.
“ಇದು ಸಾರಿಗೆ, ಅದು ಸುಕ್ಕೆಗೆ.
ಇದರ ಬಾಯಿ ಹುಣ್ಣಿಮೆಗೆ ಬಿಗಿ, ಅದರದ್ದು ಅಮಾಸೆಗೆ.
ಕಣ್ಣು ಕಟ್ಟಿ ಕೈಯಲ್ಲಿಡು, ಹೇಳ್ತೇನೆ.”

ಕಟ್ಟಿದೆ. ಇಪ್ಪತ್ತಕ್ಕೆ ಇಪ್ಪತ್ತು.
ಮೂರು ಸಲ ಕಲಸಿಟ್ಟೆ, ಮೂರು ಸಲವೂ ಸೋತೆ.

ರಾಬಿಯಾ ಮೇಡಂಗೆ ಹೇಳಿದೆ, ನಗುತ್ತಾರೆಂದುಕೊಂಡು.
ನಗಲಿಲ್ಲ. ಪೆನ್ನಿನ ಮುಚ್ಚಳ ಕಚ್ಚುತ್ತ ಕೂತರು.
ಆಮೇಲೆ ಶುರು: ಮಾಂಸದ ಚೂರು ಅರೆಯುವುದು,
ಬಿಸಿ, ತಂಪು, ಮತ್ತೆ ಬಿಸಿ,
ಎಳೆ ಬಿಚ್ಚುವುದು, ಎಳೆ ಕೂಡುವುದು, ಕತ್ತರಿಸುವುದು,
ನಡುವೆ ಕರೆಂಟು ಹೋಗುವುದು.
ಒಮ್ಮೆ ಎರಡು ದಿನ ಬರಲೇ ಇಲ್ಲ. ಫ್ರೀಜರ್ ಬೆವರಿದಾಗ
ಬೈತಖೋಲದ ಐಸ್ ಫ್ಯಾಕ್ಟರಿಯಿಂದ
ಬಂಗಡೆಗೆಂದು ಒಡೆದಿಟ್ಟ ಗಡ್ಡೆ ಲೂನಾ ಮೇಲೆ ತಂದೆ.
ವಿಜ್ಞಾನಕ್ಕೆ ಆ ವಾರ ಮೀನುಪೇಟೆಯ ವಾಸನೆ.

ಮತ್ತೆ ಆ ಜೆಲ್ಲು! ಕಡಲ ಪಾಚಿಯಿಂದಲೇ ತೆಗೆದದ್ದಂತೆ,
ಕುದಿಸಿ ತಟ್ಟೆಗೆ ಹೊಯ್ದರೆ ಮಣ್ಣಿಯ ಹಾಗೆ ಕೂರುತ್ತದೆ.
ಸಣ್ಣ ಗುಳಿಗಳಲ್ಲಿ ಒಂದೊಂದು ಹನಿ.
ವಿದ್ಯುತ್ತು ಹರಿಸಿದರೆ ಜೀವದ ನೂಲು ನಿಧಾನ ಓಡುತ್ತದೆ,
ನೀರಿನಿಂದ ಬಂದದ್ದು, ನೀರಿನ ಗಂಜಿಯೊಳಗೇ.
ಕತ್ತಲೆ ಕೋಣೆಯ ನೇರಳೆ ದೀಪದಲ್ಲಿ
ಕಿತ್ತಳೆ ಪಟ್ಟಿಗಳು ಕಂಡವು. ಎಡಗಡೆಯವು
ಒಂದು ಮೆಟ್ಟಿಲು ಮೇಲೆ, ಬಲಗಡೆಯವು ಕೆಳಗೆ.
“ತಾಂಡೇಲ, ಎರಡು” ಅಂದರು ಮೇಡಂ.
ಮತ್ತೆ ಮನೆಗೆ ಫೋನು ಮಾಡಿ
ಊಟಕ್ಕೆ ಕಾಯಬೇಡಿ ಎಂದರು.

ಸುದ್ದಿ ಹೇಳಲು ನದಿಗೆ ಹೋದೆ.
“ಎರಡು ಅಂತ ನಾನು ಹೇಳಿರಲಿಲ್ಲವಾ?
ಇಷ್ಟಕ್ಕೆ ಎರಡು ವರ್ಷ ಬೇಕಾಯಿತಾ?” ಅಂದಳು.
ಬುಟ್ಟಿ ಕೆಳಗಿಟ್ಟು, ಸುತ್ತ ನೋಡಿ, ಆಮೇಲೆ:
“ಆ ಮಿಷನ್ನು ಮನುಷ್ಯರಿಗೂ ನಡೀತದಾ?”

ಹತ್ತೊಂಬತ್ತು ವರ್ಷದ ಹಿಂದೆ ತೂಫಾನಿಗೆ ಹೋದ ತಮ್ಮ, ಪುರಸು,
ಚೌತಿಯ ಮರುದಿನ ರತ್ನಾಗಿರಿ ಕಡೆಯಿಂದ ಬಂದಿದ್ದಾನೆ.
ಮುಂದಿನ ಹಲ್ಲಿಲ್ಲ, ಮಾತು ಅರ್ಧ ಮರಾಠಿ.
ಆಯಿಯ ಹೆಸರು ಕೇಳಿದರೆ ಸರಿ ಹೇಳುತ್ತಾನೆ,
ಬಾವಿ ಯಾವ ದಿಕ್ಕಿಗಿತ್ತು ಎಂದರೆ ತಪ್ಪುತ್ತಾನೆ.
ಇಡೀ ದಿನ ಜಗಲಿಯಲ್ಲಿ ಕೂತು
ಯಾರೂ ಕೇಳದ ಬಲೆ ಹೆಣೆಯುತ್ತಾನೆ.

ಅದು ನಮ್ಮಲ್ಲಾಗುವ ಕೆಲಸವಲ್ಲ,
ಅದಕ್ಕೆ ಬೇರೆ ಊರು, ಬೇರೆ ಕಾಗದ ಎಂದೆ.
ಮೇಡಂ ಮಾತ್ರ ಯಾರಿಗೋ ಪತ್ರ ಬರೆದು
ಎರಡು ಕೊಳವೆ, ಎರಡು ಹತ್ತಿಕಡ್ಡಿ ಕೊಟ್ಟು ಕಳಿಸಿದರು:
ಒಂದು ಅವಳ ಕೆನ್ನೆಯ ಒಳಗೆ, ಒಂದು ಅವನದು.

ಎಂಟು ದಿನದ ಮೇಲೆ ವಾಪಸು ತಂದಳು.
ಪ್ಲಾಸ್ಟಿಕ್ಕೂ ಹರಿದಿರಲಿಲ್ಲ.
“ನಿನಗೆ ಮಿಷನ್ನು ಯಾಕೆ,
ಕಣ್ಣು ಕಟ್ಟಿದರೂ ಹೇಳುವವಳು” ಎಂದುಬಿಟ್ಟೆ.
ಅನ್ನಬಾರದಿತ್ತು.

“ಹೌದು. ಬಂದ ದಿನವೇ ಕೈ ಹಿಡಿದು ನೋಡಿದ್ದೆ.”
ಏನು ತಿಳಿಯಿತು ಅಂತ ಹೇಳಲಿಲ್ಲ.
ಸದಾಶಿವಗಡದ ಕಡೆ ಭರತ ಏರುತ್ತಿತ್ತು.
“ನಿನ್ನೆ ಸುಕ್ಕೆ ಮಾಡಿದ್ದೆ. ಎರಡೂ ಬೆರೆಸಿ.
ಚಿಪ್ಪು ನೆಕ್ಕಿ ನೆಕ್ಕಿ ತಿಂದ.”

ಕೊಳವೆಗಳನ್ನು ತೊಳೆಯುವ ಅಗತ್ಯವಿರಲಿಲ್ಲ.
ತೊಳೆದು ಬೋರಲು ಹಾಕಿದೆ.